ನಾಯಿಯ ಕಥೆಗೆ ಮಾಫಿ, ಅಕ್ಕಿಯ ಚೀಲಕ್ಕೆ ತೆರಿಗೆ

2022ರ ಜೂನ್ 10ರಂದು "777 ಚಾರ್ಲಿ" ಎಂಬ ಕನ್ನಡ ಚಿತ್ರ ತೆರೆಗೆ ಬಂತು. ಅಂದಿನ ಮುಖ್ಯಮಂತ್ರಿ ಬಸವರಾಜ ಬೊಮ್ಮಾಯಿಯವರು ಅದನ್ನು ನೋಡಿ, ತೀರಿಹೋದ ತಮ್ಮ ನಾಯಿಯನ್ನು ನೆನೆದು ಎಲ್ಲರೆದುರು ಅತ್ತರು. ಚಿತ್ರಕ್ಕೆ ಅದಕ್ಕಿಂತ ದೊಡ್ಡ ಪ್ರಚಾರ ಬೇಕೆ? ತಿಂಗಳು ಮುಗಿಯುವುದರೊಳಗೆ ಸರಕಾರವು ಅದರ ಟಿಕೆಟ್ಟಿನ ಮೇಲೆ ತನ್ನ ಪಾಲಿನ ಜಿ.ಎಸ್.ಟಿ.ಯನ್ನು ಆರು ತಿಂಗಳ ಮಟ್ಟಿಗೆ ಬಿಟ್ಟುಕೊಟ್ಟಿತು.

ನಾಯಿಗಾಗಿ ಅಳುವವನ ಮೇಲೆ ನಮಗೆ ಸಿಟ್ಟಿಲ್ಲ. ಚಿತ್ರವೂ ಕೆಟ್ಟದ್ದಲ್ಲ, ದುಡ್ಡಿನಾಸೆಗೆ ಮರಿ ಹಾಕಿಸುವವರ ಕ್ರೌರ್ಯವನ್ನು ಅದು ತೋರಿಸಿದೆ. ನಮ್ಮ ಸಿಟ್ಟು ಬೇರೆ. ಅದೇ ಜೂನ್ 28 ಮತ್ತು 29ರಂದು ಚಂಡೀಗಢದಲ್ಲಿ ಜಿ.ಎಸ್.ಟಿ. ಮಂಡಳಿ ಸಭೆ ಸೇರಿತು. ದರ ಪರಿಷ್ಕರಿಸುವ ಮಂತ್ರಿಗಳ ಸಮಿತಿಯ ಮುಖ್ಯಸ್ಥರು ಯಾರು? ಇದೇ ಬೊಮ್ಮಾಯಿಯವರು! ಆ ಸಮಿತಿಯ ಶಿಫಾರಸಿನಂತೆ ಜುಲೈ 18ರಿಂದ ಮುದ್ರೆ ಹಾಕಿ ಕಟ್ಟಿದ 25 ಕೆ.ಜಿ.ವರೆಗಿನ ಅಕ್ಕಿ, ಹಿಟ್ಟು, ಬೇಳೆಗಳ ಮೇಲೆ ಶೇಕಡ 5 ತೆರಿಗೆ ಬಿತ್ತು. ಪ್ಯಾಕೆಟ್ಟಿನ ಮೊಸರನ್ನೂ ಬಿಡಲಿಲ್ಲ. ಕಣ್ಣೀರು ಒಣಗಿ ಎಷ್ಟು ದಿನವಾಗಿತ್ತು?

ಸಿಂಧನೂರಿನ ಮಿಲ್ಲುಗಳಲ್ಲಿ ಧೂಳು ಕುಡಿದು ಅಕ್ಕಿ ಮಾಡುವ ಕಾರ್ಮಿಕನೇ ಸಂಜೆ ಅಂಗಡಿಗೆ ಹೋಗಿ ಅದೇ ಅಕ್ಕಿಗೆ ತೆರಿಗೆ ಕೊಡಬೇಕಾಯಿತು. ವ್ಯಾಪಾರಿಗಳು ಏನು ಮಾಡಿದರು? 26 ಕೆ.ಜಿ.ಯ ಚೀಲ ಹೊಲಿಸಿದರು! ಕಾನೂನು ಮಾಡಿದವರ ಬುದ್ಧಿಗೆ ಆ ಒಂದು ಕೆ.ಜಿ.ಯೇ ಸಾಕ್ಷಿ. ಆದರೆ ವಾರಕ್ಕೆ ಐದು ಕೆ.ಜಿ. ಕೊಳ್ಳುವ ಬಡವನಿಗೆ 26ರ ಚೀಲ ಎಟುಕುವುದೆ?

ಅಕ್ಕಿಗೆ ಕಥೆ ಕಟ್ಟುವವರಿಲ್ಲ, ನಾಯಿಗೆ ಇದ್ದಾರೆ. ಇದು ಇಂದಿನ ಮಾತಲ್ಲ. 2003ರಲ್ಲಿ ಹಚ್ ಎಂಬ ಮೊಬೈಲು ಕಂಪನಿ ಪಗ್ ಜಾತಿಯ ಸಣ್ಣ ನಾಯಿಯೊಂದನ್ನು ಹುಡುಗನ ಹಿಂದೆ ಓಡಾಡಿಸಿತು. ಜಾಹೀರಾತಿನಲ್ಲಿ ಯಂತ್ರದ ಗುಣವಿಲ್ಲ, ದರವಿಲ್ಲ. ಹುಡುಗ ಹೋದಲ್ಲೆಲ್ಲ ನಾಯಿ, ನೀನು ಹೋದಲ್ಲೆಲ್ಲ ನಾವು, ಅಷ್ಟೆ. ಅದನ್ನು ಚಿತ್ರಿಸಿದ್ದು ನಮ್ಮ ಬೆಂಗಳೂರಿನ ನಿರ್ವಾಣ ಫಿಲ್ಮ್ಸ್. ಜಾಣತನದ ಕೆಲಸ, ಒಪ್ಪೋಣ. ನೋಡಿ ನಾನೂ ನಕ್ಕಿದ್ದೇನೆ. ಜನ ಆ ಜಾತಿಗೇ "ಹಚ್ ನಾಯಿ" ಎಂದು ಹೆಸರಿಟ್ಟರು. 2007ರಲ್ಲಿ ಕಂಪನಿ ವೊಡಾಫೋನ್ ಕೈಸೇರಿತು, 2018ರಲ್ಲಿ ಐಡಿಯಾ ಜೊತೆ ಕೂಡಿತು. ಹೆಸರು ಬದಲಾಯಿತು, ಬಿಲ್ಲು ಬರುವುದು ನಿಲ್ಲಲಿಲ್ಲ.

ನಾಯಿಯ ಗತಿ? ಪಗ್ಗಿನ ಮೂತಿ ಮೊಟಕು, ಉಸಿರಿನ ದಾರಿ ಇಕ್ಕಟ್ಟು. ನಾಯಿ ಮೈ ತಣಿಸಿಕೊಳ್ಳುವುದು ನಾಲಿಗೆ ಚಾಚಿ ಏದುಸಿರು ಬಿಟ್ಟು. ಇದಕ್ಕೆ ಅದೇ ಕಷ್ಟ. 40 ಡಿಗ್ರಿ ದಾಟುವ ನಮ್ಮ ಲಿಂಗಸುಗೂರಿನ ಬೇಸಗೆಯಲ್ಲಿ ಅದನ್ನು ತಂದು ಸಾಕುವುದು ಪ್ರೀತಿಯೋ ಶಿಕ್ಷೆಯೋ? ಮರಿ ಮಾರುವವರಿಗೆ ಸುಗ್ಗಿ. ಎಂಟು ವಾರ ತುಂಬದ ಮರಿಯನ್ನು ಮಾರಬಾರದೆಂದು ಕೇಂದ್ರ ಸರಕಾರ ನಿಯಮ ಮಾಡಿದ್ದು 2017ರಲ್ಲಿ, ಜಾಹೀರಾತು ಬಂದು ಹದಿನಾಲ್ಕು ವರ್ಷದ ಮೇಲೆ!

ಸಣ್ಣ ವ್ಯಾಪಾರಿಗಳು ಕೇಳಬಹುದು: ಗಿರಾಕಿಯನ್ನು ನಗಿಸಿ ಕರೆಯುವುದೂ ತಪ್ಪೇನು ಮಾಸ್ತರೆ? ತಪ್ಪಲ್ಲ. ಬೇಸಗೆಯಲ್ಲಿ ಅಂಗಡಿಯ ಮುಂದೆ ಬೀದಿನಾಯಿಗೊಂದು ಬಟ್ಟಲು ನೀರಿಡಿ, ಬೇಕಾದರೆ ಅದರ ಮೇಲೆ ಅಂಗಡಿಯ ಹೆಸರನ್ನೂ ಬರೆಸಿ. ಅಲ್ಲಿ ನಾಯಿಗೂ ಲಾಭವುಂಟು. ಮಸ್ಕಿಯ ಬಂಡೆಯ ಮೇಲೆ ಹೆಸರು ಕೆತ್ತಿಸಿದ ಅಶೋಕ, ಬೇರೊಂದು ಶಾಸನದಲ್ಲಿ ಮನುಷ್ಯರಿಗೂ ಪಶುಗಳಿಗೂ ಚಿಕಿತ್ಸೆ ಏರ್ಪಡಿಸಿದ್ದನ್ನು ಒಂದೇ ಉಸಿರಿನಲ್ಲಿ ಹೇಳಿದ್ದಾನೆ. ಅಲ್ಲಿ ಒಬ್ಬರಿಗೆ ಮರುಗಿ ಇನ್ನೊಬ್ಬರನ್ನು ಮರೆಯಲಿಲ್ಲ.

ಇನ್ನು ಮುಂದೆ ಯಾವ ಪಕ್ಷದ ಮಂತ್ರಿ ಸಿಂಧನೂರಿಗೆ ಬಂದರೂ ಹಾರ ಬೇಡ. 26 ಕೆ.ಜಿ.ಯ ಚೀಲವೊಂದನ್ನು ಮೇಜಿನ ಮೇಲಿಡಿ. ಇದೇಕೆ 25 ಅಲ್ಲವೆಂದು ಅವರ ಬಾಯಿಂದಲೇ ಹೇಳಿಸಿ.