ರುಚಿಭೇದವೂ ಪಂಕ್ತಿಭೇದವೂ

ಊಟ ತನ್ನಿಚ್ಛೆ, ನೋಟ ಪರರಿಚ್ಛೆ ಎಂಬ ಗಾದೆಯನ್ನು ನಾವೆಲ್ಲ ಬಲ್ಲೆವು. ಆದರೂ ಸಾಂಗ್ಲಿ-ಮಿರಜಗಳ ನಮ್ಮ ಕೂಟಗಳಲ್ಲಿ ಊಟದ ಮಾತು ಬಂದಾಗಲೆಲ್ಲ ಒಂದು ವಾದವು ತಲೆಯೆತ್ತುತ್ತದೆ. ಬಿಸಿಬೇಳೆಭಾತು, ಕಾಫಿಗಳೇ ಅಚ್ಚ ಕನ್ನಡದ ಅಭಿರುಚಿಯಂತೆ. ಜತ್ತ ತಾಲ್ಲೂಕಿನ ಕನ್ನಡಿಗನ ರೊಟ್ಟಿ, ಝುಣಕ, ಚಹಾಗಳು ಮರಾಠಿಯ ಸಹವಾಸದಿಂದ ಕೆಟ್ಟ ನಾಲಗೆಯ ಗುರುತಂತೆ! ಈ ವಾದವನ್ನು ನಾವು ಒಪ್ಪಲಾರೆವು.

ರುಚಿಯು ಹುಟ್ಟುವುದೆಲ್ಲಿ? ಅದರ ಒಂದಂಶವು ಜನ್ಮದಿಂದಲೇ ಬರುತ್ತದೆ. 1931ರಲ್ಲಿ ಅಮೆರಿಕದ ರಸಾಯನವಿಜ್ಞಾನಿ ಆರ್ಥರ್ ಫಾಕ್ಸ್ ಅವರ ಪ್ರಯೋಗಶಾಲೆಯಲ್ಲಿ ಒಂದು ಪುಡಿ ಗಾಳಿಗೆ ಹಾರಿತು. ಜೊತೆಯಲ್ಲಿದ್ದವರಿಗೆ ಕಹಿಯಾದದ್ದು ಫಾಕ್ಸರಿಗೆ ಸಪ್ಪೆಯಾಗಿತ್ತು. ಈ ಭೇದಕ್ಕೆ ಕಾರಣವಾದ ವಂಶವಾಹಿಯನ್ನು 2003ರಲ್ಲಿ ಗುರುತಿಸಲಾಯಿತು. ಇಂತಹ ಭೇದವು ಒಡಹುಟ್ಟಿದವರಲ್ಲಿಯೂ ಇರಬಹುದು. ಅದು ಭಾಷೆಯನ್ನು ಕೇಳಿ ಬರುವುದಿಲ್ಲ. ಇನ್ನು ತಾಯಿಯುಂಡ ಅನ್ನದ ಪರಿಮಳವು ಗರ್ಭದ ಶಿಶುವನ್ನೂ ಮುಟ್ಟುತ್ತದೆ, ಮೊಲೆಹಾಲಿನಲ್ಲಿಯೂ ಇಳಿದುಬರುತ್ತದೆ. ಹಾಗೆ ಪಳಗಿದ ನಾಲಗೆಯು ಮುಂದೆಯೂ ಅದನ್ನೇ ಬಯಸುತ್ತದೆ.

ತಾಯಿ ಉಣ್ಣುವುದಾದರೂ ನೆಲವು ಕೊಟ್ಟುದನ್ನೇ ಅಲ್ಲವೆ? ಮಳೆ ಕಡಿಮೆಯಾದ ಜತ್ತದ ಸೀಮೆಗೆ ಜೋಳವೇ ಆಧಾರ. ಸೊಲ್ಲಾಪುರ ಜಿಲ್ಲೆಯ ಮೋಹೋಳದಿಂದ ಬಂದ ಮಾಲದಂಡಿ ಜೋಳವನ್ನು ವಿಜಯಪುರದ ರೈತನೂ ಬಿತ್ತುತ್ತಾನೆ. 1956ರ ರಾಜ್ಯದ ಗೆರೆಯು ಹೊಲಗಳ ನಡುವೆ ಹಾಯಿತೇ ಹೊರತು ತೆನೆಯನ್ನು ಸೀಳಲಿಲ್ಲ. ವಿಜಯಪುರದಲ್ಲಿ ಕನ್ನಡದ್ದಾದ ರೊಟ್ಟಿ ಜತ್ತದಲ್ಲಿ ಪರಕೀಯವಾಗುವುದು ಯಾವ ನ್ಯಾಯ?

ಹೊರನಾಡಿನಲ್ಲಿ ನಮ್ಮತನಕ್ಕೊಂದು ಗುರುತು ಬೇಡವೇ ಎಂದು ಕೇಳುವವರಿದ್ದಾರೆ. ಬೇಕು. ಆದರೆ ಅದನ್ನು ಶುದ್ಧಿಯ ಹೆಸರಿನಲ್ಲಿ ಹುಡುಕಹೊರಟರೆ ಅವರ ಒಗ್ಗರಣೆಯ ಮೆಣಸಿನಕಾಯಿಯೇ ಮೊದಲು ಹೊರಬೀಳಬೇಕಾದೀತು. ಅದು ಅಮೆರಿಕದಲ್ಲಿ ಹುಟ್ಟಿ ಪೋರ್ಚುಗೀಸರ ಕಾಲದಲ್ಲಿ ಇಲ್ಲಿಗೆ ಬಂದ ಬೆಳೆ. ಕಾಫಿಯೂ ಹೊರಗಿನಿಂದ ಬಂದುದೇ.

ವಿಶ್ವಸಂಸ್ಥೆಯು 2023ನ್ನು ಸಿರಿಧಾನ್ಯಗಳ ವರ್ಷವೆಂದು ಸಾರಿದ ಮೇಲೆ ಜೋಳವನ್ನು ಕೊಂಡಾಡುವವರು ಹೆಚ್ಚಿದರು. ಕೊಂಡಾಟವೆಲ್ಲ ಧಾನ್ಯಕ್ಕೆ, ತಲೆತಲಾಂತರದಿಂದ ಅದನ್ನು ಉಂಡುಬಂದವರಿಗೆ ಮಾತ್ರ ಹಳೆಯ ತಾತ್ಸಾರವೇ ಉಳಿಯಿತು.

ರುಚಿಭೇದವು ಸಹಜ, ಅದನ್ನು ಪಂಕ್ತಿಭೇದವಾಗಿಸುವುದು ಅಹಂಕಾರ. ರೊಟ್ಟಿಯನ್ನು ಹೀಯಾಳಿಸಿದಾಗ ಆ ಮನೆಯ ಮಗುವು ರೊಟ್ಟಿಗಷ್ಟೇ ನಾಚುವುದಿಲ್ಲ, ಅದನ್ನು ಬಡಿಯುವ ಅವ್ವನ ಕನ್ನಡಕ್ಕೂ ನಾಚುತ್ತದೆ. ನಾಚಿದ ಮಗುವು ಶಾಲೆಯಲ್ಲಿ, ಪೇಟೆಯಲ್ಲಿ ಆ ಕನ್ನಡವನ್ನು ಆಡೀತೆ? ಗಡಿಯಾಚೆ ಕನ್ನಡವನ್ನು ಉಳಿಸಬೇಕೆನ್ನುವ ನಾವೇ ಅದನ್ನು ಎಲೆಯ ಮುಂದೆ ಕಳೆದುಕೊಳ್ಳಬಾರದು. ಬರುವ ರಾಜ್ಯೋತ್ಸವದ ಪಂಕ್ತಿಯಲ್ಲಿ ಭಾತಿನ ಪಕ್ಕದಲ್ಲಿ ರೊಟ್ಟಿ-ಝುಣಕವನ್ನೂ ಬಡಿಸಲಿ; ಬೇಕಾದವರು ಬೇಕಾದುದನ್ನು ಉಣ್ಣಲಿ. ಎರಡೂ ಕನ್ನಡದ ಊಟವೇ.