ಇಪ್ಪತ್ತಾರರ ಅಜ್ಜಿ

ಫ್ರೆಂಚ್ ಚಲಚ್ಚಿತ್ರದ ಚರಿತ್ರೆ ಬರೆಯುವವರು ಆನ್ಯೆಸ್ ವಾರ್ದಾಳ ಹೆಸರು ಬಂದೊಡನೆ ‘ಹೊಸ ಅಲೆಯ ಅಜ್ಜಿ’ ಎಂದೊಂದು ಬಿರುದು ತೊಡಿಸಿ ಮುಂದಕ್ಕೆ ಸಾಗುತ್ತಾರೆ. 2019ರಲ್ಲಿ ಆಕೆ ತೀರಿಕೊಂಡಾಗಲೂ ಪತ್ರಿಕೆಗಳು ಆ ಬಿರುದನ್ನೇ ಅಚ್ಚುಹಾಕಿದವು. ಅಜ್ಜಿಯೆಂದರೆ ಗೌರವವಲ್ಲವೆ ಎನ್ನಬಹುದು. ಗೌರವವೇ, ಆದರೆ ಲೆಕ್ಕ ಸರಿಯಿರಬೇಕಷ್ಟೆ.

ವಾರ್ದಾ ಹುಟ್ಟಿದ್ದು 1928ರಲ್ಲಿ. ತನ್ನ ಮೊದಲ ಚಿತ್ರ ‘ಲಾ ಪ್ವಾಂತ್ ಕೂರ್ತ್’ ಅನ್ನು ಸೆತ್ ಪಟ್ಟಣದ ಬೆಸ್ತರ ಕೇರಿಯಲ್ಲಿ ತೆಗೆದದ್ದು 1954ರಲ್ಲಿ. ಆಗ ಆಕೆಯ ವಯಸ್ಸು 26. ತ್ರೂಫೋ, ಗೊದಾರ್ ಮೊದಲಾದವರ ಅಲೆ ಎದ್ದದ್ದು 1959-60ರಲ್ಲಿ. ಗೊದಾರ್ ಆಕೆಗಿಂತ ಎರಡೇ ವರ್ಷ ಚಿಕ್ಕವನು. ಅದೇ ಗುಂಪಿನ ಎರಿಕ್ ರೋಮೆರ್ ಎಂಟು ವರ್ಷ ದೊಡ್ಡವನು. ಆಕೆಯ ಚಿತ್ರವನ್ನು ಸಂಕಲನ ಮಾಡಿಕೊಟ್ಟ ಅಲೇನ್ ರೆನೆ ಆರು ವರ್ಷ ದೊಡ್ಡವನು. ಇವರಾರನ್ನೂ ತಾತನೆಂದು ಕರೆದುದನ್ನು ನಾನು ಕಾಣೆ. ಮೊದಲು ಮಾಡಿದವನು ಗಂಡಸಾದರೆ ಪ್ರವರ್ತಕ, ಹೆಂಗಸಾದರೆ ಅಜ್ಜಿ!

ಇದರಿಂದ ಕೆಡುಕೇನು? ಅಜ್ಜಿ ಹರಸುತ್ತಾಳೆ, ಬರೆಯುವುದಿಲ್ಲ. ವಾರ್ದಾ ಬರೆದವಳು. ಛಾಯಾಗ್ರಾಹಕಿಯಾಗಿದ್ದ ಆಕೆ ಅಲ್ಲಿಯವರೆಗೆ ನೋಡಿದ್ದ ಸಿನಿಮಾಗಳು ಬೆರಳೆಣಿಕೆಯಷ್ಟು. ಓದಿದ್ದು ಫಾಕ್ನರನ ‘ದಿ ವೈಲ್ಡ್ ಪಾಮ್ಸ್’. ಆ ಕಾದಂಬರಿಯಲ್ಲಿ ಒಂದಕ್ಕೊಂದು ಸೇರದ ಎರಡು ಕಥೆಗಳು ಸರದಿಯಂತೆ ನಡೆಯುತ್ತವೆ. ಆಕೆಯ ಚಿತ್ರದಲ್ಲಿಯೂ ಹಾಗೆಯೇ, ಒಮ್ಮೆ ಮನಸ್ಸು ಮುರಿದ ದಂಪತಿಗಳ ಮಾತು, ಒಮ್ಮೆ ಬೆಸ್ತರ ಬಾಳು. ಅದಕ್ಕಾಗಿ ತಾನೇ ಒಂದು ಸಂಸ್ಥೆ ಕಟ್ಟಿದಳು. ನಟರೂ ತಂತ್ರಜ್ಞರೂ ಸಹಕಾರಿ ಪಾಲುದಾರರಾಗಿ ದುಡಿದರು. ಮುಂದೆ ತನ್ನ ಕೆಲಸಕ್ಕೆ ‘ಸಿನೆಕ್ರಿತ್ಯೂರ್’, ಎಂದರೆ ಚಿತ್ರಬರೆಹ, ಎಂದು ಆಕೆಯೇ ಹೆಸರಿಟ್ಟಳು. ಸ್ಥಳದ ಆಯ್ಕೆ, ಕ್ಯಾಮೆರಾದ ನಡೆ, ಸಂಕಲನದ ಲಯ ಎಲ್ಲವೂ ಬರೆಹಗಾರನು ವಾಕ್ಯ ಕಟ್ಟುವಂಥ ಕೆಲಸವೇ ಎಂಬುದು ಆಕೆಯ ವಾದ.

1970ರ ದಶಕದಲ್ಲಿ, ಎಳೆಯ ಮಗನನ್ನು ಬಿಟ್ಟು ದೂರ ಹೋಗಲಾರದೆ, ಪ್ಯಾರಿಸ್ಸಿನ ದಾಗೇರ್ ಬೀದಿಯ ತನ್ನ ಮನೆಯಿಂದಲೇ ವಿದ್ಯುತ್ ತಂತಿ ಎಳೆದಳು. ಅದರ ಉದ್ದ 100 ಮೀಟರೂ ಇಲ್ಲ. ಅದು ಎಟಕಿದಷ್ಟು ದೂರದ ರೊಟ್ಟಿಯಂಗಡಿ, ಮಾಂಸದಂಗಡಿ, ಕ್ಷೌರದಂಗಡಿಗಳನ್ನು ಚಿತ್ರಿಸಿದಳು. ಅಡ್ಡಿಯನ್ನೇ ಛಂದಸ್ಸು ಮಾಡಿಕೊಂಡ ಈ ಜಾಣ್ಮೆಯನ್ನು ‘ಅಜ್ಜಿ’ ಎಂಬ ಒಂದು ಮಾತು ಮುಚ್ಚಿಹಾಕುತ್ತದೆ.

ಆಕೆಯೇ ಆ ಬಿರುದಿಗೆ ನಗುತ್ತಿದ್ದಳಲ್ಲ ಎಂದಾರು. ಆಕೆಯ ನಗೆ ಆಕೆಯದು. ಚರಿತ್ರಕಾರನಿಗೆ ಅದು ಆಧಾರವಾಗದು.

ಕೊಯ್ಲಾದ ಹೊಲಗಳಲ್ಲಿ ಹಕ್ಕಲಾಯುವವರನ್ನು ಕುರಿತ ಚಿತ್ರ ತೆರೆಕಂಡದ್ದು 2000ದಲ್ಲಿ. ಅದನ್ನು ತೆಗೆಯುವಾಗ ಆಕೆ ಒಂದು ಕೈಯಲ್ಲಿ ಪುಟ್ಟ ಡಿಜಿಟಲ್ ಕ್ಯಾಮೆರಾ ಹಿಡಿದು ಇನ್ನೊಂದು ಕೈಯ ಸುಕ್ಕುಗಳನ್ನು ಚಿತ್ರಿಸಿದಳು. ಬಿಸುಟ ಆಲೂಗೆಡ್ಡೆಗಳಲ್ಲಿ ಹೃದಯದಾಕಾರದವನ್ನು ಆರಿಸಿ ಮನೆಗೆ ತಂದಳು. ಎಪ್ಪತ್ತು ದಾಟಿತ್ತು. ಅಜ್ಜಿಯೆನ್ನುವುದಾದರೆ ಆಗ ಎನ್ನಬಹುದಿತ್ತು.