ಅಂಚಿನ ಬಣ್ಣ ನೋಡಿ ಕಾರ್ಡು ತಳ್ಳುವವರಿಗೆ

ಎರಡು ಕಾರ್ಡುಗಳನ್ನು ಮೇಜಿನ ಮೇಲಿಡುತ್ತೇನೆ, ನೋಡಿ. ಒಂದು 1998ರ ‘ದ ಚೀಸ್ ಸ್ಟ್ಯಾಂಡ್ಸ್ ಅಲೋನ್’. ಇನ್ನೊಂದು 2007ರ ‘ಬ್ಯಾರನ್ ಗ್ಲೋರಿ’. ಎರಡೂ ಬಿಳಿ ಕಾರ್ಡು, ಎರಡಕ್ಕೂ ಆರು ಮಾನಾ. ಎರಡೂ ಹೇಳುವುದು ಒಂದೇ ಮಾತು: ನಿನ್ನ ಮುಂದೆ ಈ ಕಾರ್ಡು ಬಿಟ್ಟು ಬೇರೇನೂ ಇಲ್ಲ, ಕೈಯಲ್ಲೂ ಏನೂ ಇಲ್ಲ ಎಂದಾದರೆ ನೀನು ಗೆದ್ದೆ. ಎರಡನೆಯದು ನಿನ್ನ ಸರದಿ ಮತ್ತೆ ಬರುವವರೆಗೆ ಕಾಯಿಸುತ್ತದೆ, ಅಷ್ಟೇ ವ್ಯತ್ಯಾಸ. ಕಮ್ಯಾಂಡರ್ ಆಟದಲ್ಲಿ ಎರಡನೆಯದಕ್ಕೆ ಪ್ರವೇಶವಿದೆ, ಮೊದಲನೆಯದಕ್ಕೆ ಇಲ್ಲ. ಯಾಕೆ ಅಂದರೆ ಮೊದಲನೆಯದರ ಅಂಚು ಬೆಳ್ಳಿ ಬಣ್ಣದ್ದು.

ಆಡದವರಿಗಾಗಿ ಒಂದಿಷ್ಟು ಹಿನ್ನೆಲೆ. ರಿಚರ್ಡ್ ಗಾರ್ಫೀಲ್ಡ್ ರೂಪಿಸಿದ ‘ಮ್ಯಾಜಿಕ್: ದ ಗ್ಯಾದರಿಂಗ್’ 1993ರಿಂದ ಇದೆ. ಕಾರ್ಡು ಅಚ್ಚು ಹಾಕುವುದು ವಿಝರ್ಡ್ಸ್ ಆಫ್ ದ ಕೋಸ್ಟ್ ಎಂಬ ಕಂಪನಿ. ಆಡುವ ಬಗೆಗಳು ಹಲವು. ಅದರಲ್ಲಿ ಸಾಮಾನ್ಯವಾಗಿ ನಾಲ್ಕು ಜನ ಸುತ್ತ ಕೂತು, ಹರಟೆ ಹೊಡೆಯುತ್ತ ಆಡುವ ಬಗೆಯೇ ಕಮ್ಯಾಂಡರ್. ತಲಾ ನೂರು ಕಾರ್ಡಿನ ಡೆಕ್, 40 ಜೀವ, ಮೂಲ ಲ್ಯಾಂಡ್ ಕಾರ್ಡುಗಳನ್ನು ಬಿಟ್ಟರೆ ಯಾವ ಕಾರ್ಡೂ ಎರಡು ಸಲ ಇರುವಂತಿಲ್ಲ. ಇದನ್ನು ಹುಟ್ಟುಹಾಕಿದ್ದು ಕಂಪನಿಯಲ್ಲ, ಆಟಗಾರರು. ಕಂಪನಿ ಇದಕ್ಕೆಂದೇ ಡೆಕ್ ಮಾರಲು ಶುರು ಮಾಡಿದ್ದು 2011ರಲ್ಲಿ. ತಮಾಷೆ ಕಾರ್ಡುಗಳದ್ದು ಬೇರೆಯೇ ಸಾಲು. 1998ರಲ್ಲಿ ಅನ್‌ಗ್ಲೂಡ್, 2004ರಲ್ಲಿ ಅನ್‌ಹಿಂಜ್ಡ್, 2017ರಲ್ಲಿ ಅನ್‌ಸ್ಟೇಬಲ್, 2020ರಲ್ಲಿ ಅನ್‌ಸ್ಯಾಂಕ್ಷನ್ಡ್ ಬಂದವು. ಇವು ಟೂರ್ನಮೆಂಟಿಗೆ ಸಲ್ಲುವುದಿಲ್ಲ ಎಂದು ನೋಡಿದ ಕೂಡಲೇ ಗೊತ್ತಾಗಲಿ ಅಂತ ಬೆಳ್ಳಿಯಂಚು ಕೊಟ್ಟರು.

ಟೂರ್ನಮೆಂಟಿನ ಮಟ್ಟಿಗೆ ಅದು ಸರಿಯೇ. ಬಹುಮಾನ ಇರುವಲ್ಲಿ ಅಂಪೈರ್ ಬೇಕು, ಅಂಪೈರ್ ಇರುವಲ್ಲಿ ಗೆರೆ ನೇರವಾಗಿರಬೇಕು. ಆದರೆ ಆ ಬೇಲಿಯನ್ನು ಕಿತ್ತು ತಂದು ಹರಟೆಯ ಆಟದ ಸುತ್ತಲೂ ಯಾಕೆ ನೆಟ್ಟಿರಿ ಎಂಬುದು ನನ್ನ ತಕರಾರು.

ಬೇಲಿಯ ಪರವಾಗಿ ಮೊದಲು ಕೇಳಿಬರುವ ಮಾತು ಗಾಂಭೀರ್ಯದ್ದು. ಡ್ರ್ಯಾಗನ್, ಮಾಂತ್ರಿಕರ ಲೋಕದಲ್ಲಿ ಜೋಕು ಬಂದರೆ ವಾತಾವರಣ ಕೆಡುತ್ತದಂತೆ. 2025ರಲ್ಲಿ ಇದೇ ಕಂಪನಿ ಸ್ಪಾಂಜ್‌ಬಾಬ್ ಚಿತ್ರದ ಕಾರ್ಡು ಮಾರಿತು. ಅದೇ ವರ್ಷ ಸ್ಪೈಡರ್‌ಮ್ಯಾನ್ ಹೆಸರಿನಲ್ಲಿ ಒಂದು ಇಡೀ ಸೆಟ್ ಬಂತು. ಎಲ್ಲವೂ ಕಮ್ಯಾಂಡರಿನಲ್ಲಿ ನಡೆಯುತ್ತವೆ. ಹಳದಿ ಸ್ಪಾಂಜು ಎದುರಿಗೆ ಕೂತಿರುವಾಗ ಯಾವ ಗಾಂಭೀರ್ಯದ ಮಾತಾಡುತ್ತಿದ್ದೀರಿ ಸ್ವಾಮಿ? ಇನ್ನೂ ಮಜಾ ಬೇಕಾದರೆ ಟ್ರಾನ್ಸ್‌ಫಾರ್ಮರ್ಸ್ ನೋಡಿ. 2017ರಲ್ಲಿ ಹ್ಯಾಸ್ಬ್ರೊದ ಮೇಳವೊಂದಕ್ಕೆಂದು ಮಾಡಿದ ‘ಗ್ರಿಮ್‌ಲಾಕ್’ ಕಾರ್ಡಿಗೆ ಬೆಳ್ಳಿಯಂಚು, ಆದ್ದರಿಂದ ಹೊರಗೆ. 2022ರ ‘ಆಪ್ಟಿಮಸ್ ಪ್ರೈಮ್’ ಕಪ್ಪಂಚು, ಆದ್ದರಿಂದ ಒಳಗೆ. ಒಂದೇ ಕಾರ್ಟೂನಿನ ಇಬ್ಬರು ರೋಬೋಟುಗಳಲ್ಲಿ ಒಬ್ಬನಿಗೆ ವೀಸಾ ಸಿಕ್ಕಿತು, ಇನ್ನೊಬ್ಬನಿಗೆ ಸಿಗಲಿಲ್ಲ.

ಎರಡನೆಯ ಮಾತು, ಅವು ಆಟದ ನಿಯಮಕ್ಕೆ ಹೊಂದುವುದಿಲ್ಲ ಎಂಬುದು. ಇದಕ್ಕೆ ಸ್ವಲ್ಪ ಬೆಲೆ ಕೊಡಬೇಕು, ಯಾಕೆಂದರೆ ಅರ್ಧ ನಿಜ. ಆದರೆ ಹೊಂದುವುದಿಲ್ಲ ಎಂದಿದ್ದು ಆಮೇಲೆ ಹೊಂದಿಕೊಂಡದ್ದು ಎಷ್ಟು ಸಲ! ದಾಳ ಉರುಳಿಸುವುದು ಬಹುಕಾಲ ಬೆಳ್ಳಿಯಂಚಿನ ಕಾರ್ಡುಗಳ ಸೊತ್ತಾಗಿತ್ತು. ಮ್ಯಾಜಿಕ್ಕಿಗೆ ದಾಳ ತಕ್ಕದ್ದಲ್ಲ ಅನ್ನುತ್ತಿದ್ದರು. 2021ರಲ್ಲಿ ಡಂಜನ್ಸ್ ಅಂಡ್ ಡ್ರ್ಯಾಗನ್ಸ್ ಜೊತೆ ಸೇರಿ ಸೆಟ್ ತಂದಾಗ ಇಪ್ಪತ್ತು ಮುಖದ ದಾಳ ಸಲೀಸಾಗಿ ಒಳಗೆ ಬಂತು. ಆ ಸೆಟ್ಟಿನ ‘ಬಾರ್ಬೇರಿಯನ್ ಕ್ಲಾಸ್’ ಕಾರ್ಡು ಒಂದು ದಾಳ ಹೆಚ್ಚಿಗೆ ಉರುಳಿಸಿ ಕಡಿಮೆ ಬಿದ್ದದ್ದನ್ನು ಬಿಡು ಅನ್ನುತ್ತದೆ. 2017ರ ಬೆಳ್ಳಿಯಂಚಿನ ‘ಕ್ರಾರ್ಕ್ಸ್ ಅದರ್ ಥಂಬ್’ ಒಂದರ ಬದಲು ಎರಡು ದಾಳ ಉರುಳಿಸಿ ಒಂದನ್ನು ಬಿಡು ಅನ್ನುತ್ತದೆ. ಇವೆರಡರಲ್ಲಿ ಯಾವುದು ಆಟದ ನಿಯಮಕ್ಕೆ ಹೊಂದುವುದಿಲ್ಲ ಎಂದು ತೋರಿಸಿಕೊಡಿ, ನಾನು ಸುಮ್ಮನಾಗುತ್ತೇನೆ.

ಈ ವಾದವನ್ನು ಕಂಪನಿಯೇ 2022ರಲ್ಲಿ ಒಪ್ಪಿಕೊಂಡಿತು. ಆ ವರ್ಷದ ತಮಾಷೆ ಸೆಟ್ ಅನ್‌ಫಿನಿಟಿಯಲ್ಲಿ ಬೆಳ್ಳಿಯಂಚನ್ನೇ ಕೈಬಿಟ್ಟು, ಕಾರ್ಡು ಕಾರ್ಡನ್ನೂ ಬೇರೆಬೇರೆಯಾಗಿ ತೂಗಿದರು. ನಿಯಮದೊಳಗೆ ಓಡದ ಕಾರ್ಡಿಗೆ ಓಕ್ ಕಾಯಿಯ ಒಂದು ಸಣ್ಣ ಮುದ್ರೆ. ಓಡುವ ಕಾರ್ಡಿಗೆ ಮುದ್ರೆಯಿಲ್ಲ, ಕಮ್ಯಾಂಡರಿಗೆ ಸಲ್ಲುತ್ತದೆ. ಅಂದರೆ ಕಾರ್ಡು ಏನು ಮಾಡುತ್ತದೆ ಎಂಬುದೇ ಮುಖ್ಯ ಎಂದಾಯಿತು. ಒಳ್ಳೆಯ ನಿರ್ಧಾರ. ಆದರೆ ಆ ತಕ್ಕಡಿಯನ್ನು ಹಿಂದಕ್ಕೆ ತಿರುಗಿಸಲಿಲ್ಲ. 1998ರಿಂದ 2020ರವರೆಗಿನ ಕಾರ್ಡುಗಳು ಇವತ್ತಿಗೂ ಅಂಚಿನ ಬಣ್ಣಕ್ಕೇ ಶಿಕ್ಷೆ ಅನುಭವಿಸುತ್ತಿವೆ. ಸಾಫ್ಟ್‌ವೇರಿನಲ್ಲಿ ಹೀಗೆ ಮಾಡಿ ನೋಡಿ: ಹೊಸ ಗ್ರಾಹಕರಿಗೆ ಹೊಸ ಪಾಲಿಸಿ, ಹಳಬರ ಡೇಟಾ ಮೈಗ್ರೇಟ್ ಮಾಡುವುದಿಲ್ಲ, ಯಾಕೆ ಅಂತ ಕೇಳಬೇಡಿ. ಮರುದಿನ ಬೆಳಿಗ್ಗೆ ಒಂಬತ್ತಕ್ಕೆ ಎಸ್ಕಲೇಶನ್ ಕಾಲ್ ಗ್ಯಾರಂಟಿ.

ಮೊದಲು ಒಂದು ನೆಪವಿತ್ತು. ಕಮ್ಯಾಂಡರಿನ ನಿಯಮ ನೋಡಿಕೊಳ್ಳುತ್ತಿದ್ದದ್ದು ಸ್ವಯಂಸೇವಕರ ಸಮಿತಿ. ನೂರಾರು ಕಾರ್ಡುಗಳನ್ನು ಒಂದೊಂದಾಗಿ ತೂಗಿ ಎಂದು ಅವರನ್ನು ಕೇಳುವುದು ಅನ್ಯಾಯ. ಅನ್‌ಸ್ಟೇಬಲ್ ಬಂದಾಗ ಅವರು 2018ರ ಜನವರಿ 15ರವರೆಗೆ ಬೆಳ್ಳಿಯಂಚಿಗೆ ತಾತ್ಕಾಲಿಕ ಅನುಮತಿ ಕೊಟ್ಟು, ತೀರ ಕಿರಿಕಿರಿಯವನ್ನು ಮಾತ್ರ ಪಟ್ಟಿ ಮಾಡಿ ಹೊರಗಿಟ್ಟರು. ಮಾಡಬೇಕಾದ ರೀತಿ ಅದೇ ಆಗಿತ್ತು. ಗಡುವು ಮುಗಿಯಿತು, ಬಾಗಿಲು ಮುಚ್ಚಿತು. 2024ರ ಸೆಪ್ಟೆಂಬರಿನಲ್ಲಿ ಅದೇ ಸಮಿತಿ ನಾಲ್ಕು ಕಾರ್ಡು ನಿಷೇಧಿಸಿದ್ದಕ್ಕೆ ಸದಸ್ಯರಿಗೆ ಬೆದರಿಕೆಗಳು ಬಂದವು. ಕಾಗದದ ಕಾರ್ಡಿಗಾಗಿ! ತಿಂಗಳು ಮುಗಿಯುವುದರೊಳಗೆ ಹೊಣೆಯೆಲ್ಲ ಕಂಪನಿಯ ಕೈಗೆ ಹೋಯಿತು. ಈಗ ನಿಯಮ ಬರೆಯುವವರೂ ಅವರೇ, ಕಾರ್ಡು ಮಾರುವವರೂ ಅವರೇ, ಸಂಬಳದ ಮೇಲೆ ಜನರೂ ಇದ್ದಾರೆ. ಪುರುಸೊತ್ತಿಲ್ಲ ಅನ್ನುವಂತಿಲ್ಲ.

ಇಷ್ಟು ಹೇಳಿದರೆ ಬೇಲಿಯವರು ಕೊನೆಯ ಅಸ್ತ್ರ ತೆಗೆಯುತ್ತಾರೆ. “ರೂಲ್ ಝೀರೋ ಇದೆಯಲ್ಲ, ಮೇಜಿನವರನ್ನು ಕೇಳಿ ಆಡಿದರಾಯಿತು, ಯಾರು ಬೇಡ ಅಂದರು?” ರೂಲ್ ಝೀರೋ ಅಂದರೆ ಕೂತವರೆಲ್ಲ ಒಪ್ಪಿದರೆ ಯಾವ ನಿಯಮವನ್ನೂ ಬದಲಿಸಬಹುದು ಎಂಬ ರೂಢಿ. ಕೇಳಲಿಕ್ಕೆ ಎಷ್ಟು ಚೆಂದ! ನನಗೆ ಸಿಟ್ಟು ಬರುವುದೇ ಇಲ್ಲಿ. ಕೇಳಬೇಕಾದವನು ಯಾರು, ಯೋಚಿಸಿ. ಐದು ವರ್ಷದಿಂದ ಅದೇ ಅಂಗಡಿಯ ಅದೇ ಕುರ್ಚಿಯಲ್ಲಿ ಕೂರುವವನು ಕೇಳಬೇಕಾಗಿಲ್ಲ, ಅವನ ಡೆಕ್ ಎಲ್ಲರಿಗೂ ಗೊತ್ತು. ಕೇಳಬೇಕಾದವನು ಹೋದ ತಿಂಗಳು ದಾವಣಗೆರೆಯಿಂದ ಹೈದರಾಬಾದಿಗೆ ಬಂದು, ಪೀಜಿಯಲ್ಲಿದ್ದುಕೊಂಡು, ಶನಿವಾರ ಒಬ್ಬನೇ ಕೂರಲಾರದೆ ಗೇಮ್ ಅಂಗಡಿ ಹುಡುಕಿಕೊಂಡು ಬಂದ ಹುಡುಗ. ಹಿಂದಿ ಅಷ್ಟಕ್ಕಷ್ಟೇ, ತೆಲುಗು ಬರುವುದಿಲ್ಲ. ನಾನು ಆಡುವ ಕಡೆಯೇ ಇಂಥ ಒಬ್ಬ ಬಂದಿದ್ದ. ಅನ್‌ಸ್ಟೇಬಲ್ ಕಾರ್ಡುಗಳಿಂದ ಕಟ್ಟಿದ ಡೆಕ್ ಹಿಡಿದು, ಆಡಬಹುದಾ ಎಂದು ಮೆಲ್ಲಗೆ ಕೇಳಿದ. “ನಾವಿಲ್ಲಿ ಸರಿಯಾದ ಆಟ ಆಡ್ತೀವಿ” ಎಂದು ಒಬ್ಬ ಹಿರಿಯ ಆಟಗಾರ ನಕ್ಕ. ಹುಡುಗ ಡೆಕ್ ಬ್ಯಾಗಿಗೆ ಹಾಕಿ, ಬೇರೆಯವರಿಂದ ಒಂದು ಕಡ ತೆಗೆದುಕೊಂಡು ಆಡಿದ. ಯಾರೂ ಜಗಳ ಮಾಡಲಿಲ್ಲ, ರೂಲ್ ಝೀರೋ ಪ್ರಕಾರ ಎಲ್ಲ ಸುಸೂತ್ರ. ಅವನು ಎರಡನೆಯ ಸಲ ಬರಲಿಲ್ಲ.

ಬೇಸಿಗೆ ರಜೆಯಲ್ಲಿ ನೆಂಟರ ಮನೆಯಲ್ಲಿ ಚೌಕಾಬಾರ ಆಡಿದವರಿಗೆ ಇದು ಬೇಗ ಅರ್ಥವಾಗುತ್ತದೆ. ಒಂದು ಮನೆಯಲ್ಲಿ ಎದುರಿನವರ ಒಂದು ಕಾಯಿಯನ್ನಾದರೂ ಹೊಡೆಯದೆ ಒಳಸುತ್ತಿಗೆ ಹೋಗುವಂತಿಲ್ಲ, ಇನ್ನೊಂದು ಮನೆಯಲ್ಲಿ ಆ ಕಟ್ಟೇ ಇಲ್ಲ. ಆದರೆ ಕವಡೆ ಕೈಗೆ ತೆಗೆದುಕೊಳ್ಳುವ ಮೊದಲೇ “ನಮ್ಮಲ್ಲಿ ಹೀಗೆ ಕಣೋ” ಎಂದು ಅತ್ತೆಯೋ ಅಜ್ಜಿಯೋ ಹೇಳಿಬಿಡುತ್ತಿದ್ದರು. ಹೇಳುವ ಭಾರ ಮನೆಯವರದು, ಬಂದ ಮಗುವಿನದಲ್ಲ. ಕಮ್ಯಾಂಡರಿನಲ್ಲಿ ಆ ಭಾರವನ್ನು ತಲೆಕೆಳಗು ಮಾಡಿ, ಅದಕ್ಕೆ ಸ್ವಾತಂತ್ರ್ಯ ಅಂತ ಹೆಸರಿಟ್ಟಿದ್ದಾರೆ.

ಹಾಗಂತ ಎಲ್ಲ ಕಾರ್ಡೂ ಬರಲಿ ಅನ್ನುವವನು ನಾನಲ್ಲ. ‘ಎಂಟರ್ ದ ಡಂಜನ್’ ಕಾರ್ಡು ಬಿದ್ದರೆ ಮೇಜಿನ ಕೆಳಗೆ ಕೂತು ಇನ್ನೊಂದು ಆಟ ಆಡಿ ಬರಬೇಕು. ನಲವತ್ತು ದಾಟಿದ ಮಂಡಿಗಳಿಗೆ ಅದು ಆಗುವ ಮಾತಲ್ಲ. ಆಟದೊಳಗೊಂದು ಆಟ ಎಂಬ ಇದೇ ತಲೆನೋವನ್ನು ಕಪ್ಪಂಚಿನ ‘ಶಹ್ರಜಾದ್’ 1993ರಲ್ಲೇ ತಂದಿತ್ತು. ಅದನ್ನು ಹೆಸರು ಹಿಡಿದು ನಿಷೇಧಿಸಿದ್ದಾರೆ. ಸರಿಯಾದ ಕ್ರಮ. ‘ಚಾರ್ಮ್ ಸ್ಕೂಲ್’ ಕಾರ್ಡನ್ನು ತಲೆಯ ಮೇಲೆ ಬೀಳದಂತೆ ಇಟ್ಟುಕೊಳ್ಳಬೇಕು. ನನ್ನ ತಲೆಯಲ್ಲಿ ಅದು ಜಾರುತ್ತದೆ, ಕಾರಣ ಕೇಳಬೇಡಿ. ಅನ್‌ಹಿಂಜ್ಡ್‌ನ ‘ಗಾಚಾ’ ಕಾರ್ಡುಗಳಂತೂ ಖಂಡಿತ ಬೇಡ. ಎದುರಿನವರು ಯಾವುದೋ ಪದ ಆಡಿದರೆ, ನಕ್ಕರೆ, ಅದನ್ನು ಹಿಡಿದು ಕಾರ್ಡು ವಾಪಸು ಪಡೆಯುವ ತಂತ್ರ. ಸಹಜವಾಗಿಯೇ ಜನ ಮಾತೂ ನಗುವೂ ನಿಲ್ಲಿಸಿ ಕಲ್ಲಿನಂತೆ ಕೂರುತ್ತಿದ್ದರು. ಅದು ತಪ್ಪಾಗಿತ್ತು ಎಂದು ವಿನ್ಯಾಸಕ ಮಾರ್ಕ್ ರೋಸ್‌ವಾಟರ್ ಅವರೇ ಹೇಳಿದ್ದಾರೆ. (ಕನ್ನಡದಲ್ಲಿ ಗೊಣಗುವವರಿಗೆ ಅಲ್ಲಿ ಒಂದು ಅನುಕೂಲವಿತ್ತು ಅನ್ನಿ.) ಜನರ ಮೈಮೇಲೆ, ಬಾಯಿಮೇಲೆ ಕೈಹಾಕುವ ಕಾರ್ಡುಗಳು ಹೊರಗಿರಲಿ. ಕಾರ್ಡು, ದಾಳ, ಜೀವದ ಲೆಕ್ಕದಲ್ಲೇ ಮುಗಿಯುವವು ಒಳಗೆ ಬರಲಿ.

ಕಂಪನಿ ಆ ಪಟ್ಟಿ ಮಾಡುವವರೆಗೆ ಕಾಯಬೇಕಾಗಿಲ್ಲ. ಪುಣೆಯಲ್ಲೋ ಚೆನ್ನೈಯಲ್ಲೋ ಮೇಜು ನಡೆಸುವ ಹಳಬರು ನೀವಾಗಿದ್ದರೆ ಮುಂದಿನ ವಾರದಿಂದಲೇ ಮಾತು ತಿರುಗಿಸಿ. ಹೊಸಬ ಕೇಳುವ ಮೊದಲೇ ಬೆಳ್ಳಿಯಂಚು ನಡೆಯುತ್ತದೆ ಎಂದು ಹೇಳಿ, ಬೇಡವಾದ ನಾಲ್ಕೈದು ಕಾರ್ಡುಗಳ ಹೆಸರನ್ನೂ ಹೇಳಿ. ತಕರಾರು ಇರುವವರು ಕಾರ್ಡಿನ ಹೆಸರು ಹಿಡಿದು, ಅದು ಆಟವನ್ನು ಎಲ್ಲಿ ಕೆಡಿಸುತ್ತದೆ ಎಂದು ವಿವರಿಸಲಿ. ನನ್ನ ಡೆಕ್‌ನಲ್ಲಿ ಕ್ರಾರ್ಕ್ಸ್ ಅದರ್ ಥಂಬ್ ಇದೆ. ಆಟ ಶುರುವಾಗುವ ಮೊದಲು ಎಲ್ಲರಿಗೂ ತೋರಿಸುತ್ತೇನೆ, ಅನುಮತಿ ಕೇಳುವುದಿಲ್ಲ.